ಒಂದೇ ಒಂದು ಅಯ್ಯೋ

"ಹೆಣ ಮಾತಾಡಬಾರ್ದು ಕಣ್ರೀ!"

ಹೆಂಡತಿ ಬಿಕ್ಕುವುದನ್ನು ಅಲ್ಲಿಗೇ ಬಿಟ್ಟು ಸೊಂಟದ ಮೇಲೆ ಕೈಯಿಟ್ಟಳು. ಮಂಚದ ಮೇಲೆ ಬಿಳಿ ಹೊದಿಕೆಯಡಿ ಸತ್ತು ಮಲಗಿದ್ದವನು ಅವಳ ಸ್ವಂತ ಗಂಡ. ಈ ಸಿನಿಮಾದ ಕಥೆ ಅವನದೇ, ಮಾತು ಅವನದೇ, ನಿರ್ದೇಶಕ ಅವನೇ, ನಾಯಕನೂ ಅವನೇ. ಮದುವೆಗೆ ಮುಂಚೆ ನಾಟಕಗಳಲ್ಲಿ ಹೆಸರು ಮಾಡಿದ್ದ ಅವಳಿಗೆ ಅವನು ಬರೆದುಕೊಟ್ಟದ್ದು ಇದೊಂದೇ ದೃಶ್ಯ. ಇದೂ ಕೈತಪ್ಪಿದರೆ ಗತಿಯೇನೆಂಬ ಅಳುಕು ಅವಳಿಗೆ ನಿಜವಾಗಿಯೇ ಇತ್ತು.

ಗಂಡ: (ಕಣ್ಣು ಮುಚ್ಚಿಕೊಂಡೇ) ಮಾತಾಡಿದ್ದು ಹೆಣ ಅಲ್ಲ, ಡೈರೆಕ್ಟರು. ಅಳು ಸಾಲದು.

ಹೆಂಡತಿ: ಕಣ್ಣು ಮುಚ್ಕೊಂಡಿದ್ದೋರಿಗೆ ನನ್ನ ಅಳು ಹೇಗ್ರೀ ಕಾಣಿಸ್ತು?

ಗಂಡ: ಕಿವಿ ತೆರೆದೇ ಇತ್ತಲ್ಲ. ನೀನು ಎರಡು ಸಲ 'ಅಯ್ಯೋ' ಅಂದೆ. ನಾನು ಬರೆದಿರೋದು ಒಂದೇ ಒಂದು ಅಯ್ಯೋ.

ಹೆಂಡತಿ: ಸತ್ತಿರೋದು ಗಂಡ ಕಣ್ರೀ, ಪಕ್ಕದ ಮನೆ ಬೆಕ್ಕಲ್ಲ. ಒಂದು ಅಯ್ಯೋ ಜಾಸ್ತಿ ಆದ್ರೆ ನಿಮ್ಮ ಗಂಟೇನು ಹೋಗುತ್ತೆ?

ಕ್ಯಾಮೆರಾಮನ್: ಸರ್, ಕಿಟಕಿ ಬೆಳಕು ಹೋಗ್ತಾ ಇದೆ. ಮನೆ ಓನರ್ ಬೇರೆ ಬೀಗ ಹಿಡ್ಕೊಂಡು ಬಾಗಿಲಲ್ಲೇ ನಿಂತಿದಾರೆ.

ಗಂಡ: ಸರಿ, ಇದೇ ಕೊನೆ. ಏನೇ ಆಗ್ಲಿ, ನಾನು ಕಟ್ ಅನ್ನೋವರೆಗೂ ಕ್ಯಾಮೆರಾ ನಿಲ್ಲಿಸಬಾರ್ದು.

ಹೆಂಡತಿ: ನೀವು ಸತ್ತಿರ್ತೀರಲ್ರೀ! ಕಟ್ ಅನ್ನೋರ್ಯಾರು?

ಗಂಡ: ಅಧಿಕಪ್ರಸಂಗ ಬೇಡ. ಆ್ಯಕ್ಷನ್!

ಅಂದವನೇ ಸತ್ತ.

ಹೆಂಡತಿ ಮಂಚದ ಅಂಚಿಗೆ ಕೂತಳು. ಅಳತೆಗೆ ಸರಿಯಾಗಿ ಒಂದು 'ಅಯ್ಯೋ' ಎಂದಳು. ಅವನು ಬರೆದುಕೊಟ್ಟಿದ್ದ ಮಾತು ಅಲ್ಲಿಗೆ ಮುಗಿಯಿತು. ಗಂಡ ತುಟಿ ಬಿಚ್ಚದೆ ಅವಳ ಮುಂದೆ ಇದ್ದದ್ದನ್ನು ಇಷ್ಟು ವರ್ಷಗಳ ಸಂಸಾರದಲ್ಲಿ ಅವಳು ಕಂಡೇ ಇರಲಿಲ್ಲ. ಇಂಥ ಅವಕಾಶ ಮತ್ತೆ ಸಿಕ್ಕೀತೇ?

ಹೆಂಡತಿ: ಈಗ ಸುಮ್ನಿದೀರಲ್ಲ, ಕೇಳಿ ಹಾಗಾದ್ರೆ. ನಾನು ಸ್ಟೇಜ್ ಹತ್ತಿದ್ರೆ ಜನ ಎದ್ದು ನಿಂತು ಚಪ್ಪಾಳೆ ತಟ್ಟೋರು. ಅದನ್ನ ನೋಡೇ ತಾನೆ ನನ್ನ ಹಿಂದೆ ಬಿದ್ದಿದ್ದು? ಆಮೇಲೆ ಏನಾಯ್ತು? ನಿಮ್ಮ ಕಥೇಲೆಲ್ಲ ನೀವೇ ಹೀರೋ, ನಾನು ಬಾಗಿಲು ತೆಗೆಯೋಳು. ಇವತ್ತು ಸತ್ರೂ ಮಂಚದ ಮೇಲೆ ನೀವೇ. ನನಗೆ? ಒಂದು ಅಯ್ಯೋ!

ಹೆಣದ ಹುಬ್ಬು ಕುಣಿಯಿತು, ಮೂಗಿನ ಹೊಳ್ಳೆ ಅರಳಿತು. ಒಳಗೆ ನಡೆಯುತ್ತಿದ್ದ ಜಗಳ ಅವಳಿಗೆ ಚೆನ್ನಾಗಿಯೇ ಗೊತ್ತಾಯಿತು: ಕಟ್ ಅನ್ನಲು ನಿರ್ದೇಶಕ ಒದ್ದಾಡುತ್ತಿದ್ದ, ಶಾಟು ಕೆಡುತ್ತದೆಂದು ನಟ ಬಿಡುತ್ತಿರಲಿಲ್ಲ. ಕ್ಯಾಮೆರಾಮನ್ ಅಪ್ಪಣೆ ಮೀರುವವನಲ್ಲ. ಬಾಗಿಲಲ್ಲಿದ್ದ ಮನೆ ಓನರ್ ಬೀಗ ಕೆಳಗಿಟ್ಟು ಕಣ್ಣೊರೆಸಿಕೊಂಡರು. ಕೊನೆಗೆ ಹೆಣದ ಕಣ್ಣಂಚಿನಿಂದಲೂ ನೀರಿಳಿಯಿತು.

ಹೆಂಡತಿ: ಹೆಣ ಅಳಲೂಬಾರ್ದು ಕಣ್ರೀ. ಕಟ್!

ಗಂಡ: (ಎದ್ದು ಕೂತು, ಮೂಗೊರೆಸಿಕೊಳ್ಳುತ್ತ) ಆಹಾ, ಎಂಥಾ ಡೈಲಾಗು! ಹೆಂಗೆ ಬರೆದಿದೀನಿ ನೋಡ್ದೆಯಾ?

ಹೆಂಡತಿ: ಮಲ್ಕೊಳ್ಳಿ.

ಗಂಡ: ಯಾಕೆ? ಶಾಟ್ ಓಕೆ ಆಯ್ತಲ್ಲ!

ಹೆಂಡತಿ: ಇಲ್ಲಿವರೆಗೂ ಹೇಳಿದ್ದು ಹೀರೋಗೆ. ಕಥೆ ಬರೆದೋರಿಗೂ ಡೈರೆಕ್ಟರಿಗೂ ಇನ್ನೂ ಬಾಕಿ ಇದೆ. ಆ್ಯಕ್ಷನ್!