ಮೂಕನಾಯಿಯ ಮಾತೃಭಾಷೆ

ಸುಮ್ಮನಿರುವುದೇ ದೊಡ್ಡ ಗುಣವೆಂದು ಹಿರಿಯರು ಹೇಳುತ್ತಾರೆ. ಅದನ್ನು ಅವರೂ ಬಾಯಿಬಿಟ್ಟೇ ಹೇಳಬೇಕಾಯಿತೆಂಬುದನ್ನು ನಾನು ಗಮನಿಸಿದ್ದೇನೆ. ಕುವೈತಿನ ಶುಐಬಾದ ಕಾರ್ಖಾನೆಯಲ್ಲಿ ವಾರವಿಡೀ ಯಂತ್ರಗಳ ಸದ್ದನ್ನು ಮೀರಿಸಿ ಕೂಗಿ ಮಾತಾಡುವ ನನಗೆ ಆ ಗುಣವಿಲ್ಲ. ಮಗಳು ಅನನ್ಯಾಳಿಗೆ ಅದು ಧಾರಾಳವಾಗಿದೆ, ಕನ್ನಡದ ಮಟ್ಟಿಗೆ. ನಾನು ಮೈಸೂರಿನವನು, ಹೆಂಡತಿ ಧಾರವಾಡದವಳು. ಇಲ್ಲಿಯ ನಮ್ಮ ಫ್ಲ್ಯಾಟಿನಲ್ಲಿ ಎರಡು ಕನ್ನಡಗಳು ಮದುವೆಯಾದಂದಿನಿಂದ ಒಂದನ್ನೊಂದು ತಿದ್ದುತ್ತಿವೆ. ಈ ಕಾದಾಟದಲ್ಲಿ ತಟಸ್ಥಳಾಗಿರಲು ಮಗಳು ಇಂಗ್ಲಿಷನ್ನು ಆರಿಸಿಕೊಂಡಿದ್ದಾಳೆ. "ಊಟ ಆಯ್ತೇನಮ್ಮಾ?" ಎಂದರೆ "ಡನ್, ಅಪ್ಪಾ." ಅವಳಿಂದ ಒಂದು ಪೂರ್ತಿ ಕನ್ನಡ ವಾಕ್ಯ ಕೇಳಬೇಕೆಂಬ ಆಸೆಯನ್ನು ಇಲ್ಲಿಯ ವಾಸದ ಪರವಾನಗಿಯಾದ ಇಕಾಮಾದ ಜೊತೆಜೊತೆಗೆ ನವೀಕರಿಸುತ್ತ ಬಂದಿದ್ದೇನೆ.

ಅದಕ್ಕೆಂದೇ ಶುಕ್ರವಾರದ ಊಟವಾದ ಮೇಲೆ ಟಿವಿಯಲ್ಲಿ ಅಮೆರಿಕದ ಹಳೆಯ ಮೂಕ ಕಾರ್ಟೂನುಗಳನ್ನು ಹಾಕತೊಡಗಿದೆ. ಈಗಿನ ಕಾರ್ಟೂನುಗಳು ಇಂಗ್ಲಿಷನ್ನೇ ಕಲಿಸುತ್ತವೆ. ನೂರು ವರ್ಷದ ಹಿಂದೆ ಮಸಿಯಲ್ಲಿ ಬರೆದ ಇವು ಮಾತಿನ ಜಾಗವನ್ನು ಖಾಲಿ ಬಿಟ್ಟಿವೆ, ಅಲ್ಲಿ ಕನ್ನಡವನ್ನು ಕೂರಿಸಬಹುದು ಎಂಬುದು ನನ್ನ ಇಂಜಿನಿಯರ್ ಬುದ್ಧಿ.

ಮೊದಲ ಶುಕ್ರವಾರ, ಬಿಳಿ ಹಾಳೆಯ ಮೇಲೆ ಚಿತ್ರಕಾರನ ಕೈಯೊಂದು ಬಂದು ನಾಯಿಯನ್ನು ಬರೆಯಿತು. ನಾಯಿ ಎದ್ದು ನಡೆಯಿತು.

"ನೋಡಮ್ಮಾ, ಇದು ಇಷ್ಟು ದೂರ ನಡೆಯೋದಕ್ಕೆ ಆ ಮಹಾನುಭಾವ ಎಷ್ಟು ಹಾಳೆ ಬರೆದಿರಬೇಕು..."

"ಐ ನೋ, ಅಪ್ಪಾ," ಎಂದು ಮಗಳು ಫೋನು ಹುಡುಕತೊಡಗಿದಳು.

ಅಷ್ಟರಲ್ಲಿ ನಾಯಿ ಬಾವಿಗೆ ಬಿತ್ತು. ನಾನು ಕಂಠದಾನ ಮಾಡಿದೆ: "ದಯವಿಟ್ಟು ಯಾರಾದರೂ ನನ್ನನ್ನು ಮೇಲಕ್ಕೆತ್ತುವಿರಾ?" ಮಗಳು ಹೊರಡಲು ಎದ್ದು ನಿಂತಳು.

ಹೆಂಡತಿ ಅಡುಗೆಮನೆಯಿಂದ ಕೈ ಒರೆಸಿಕೊಳ್ಳುತ್ತ ಬಂದಳು. "ಬಾವ್ಯಾಗ ಬಿದ್ದ ನಾಯಿ ಹಿಂಗ ಅರ್ಜಿ ಕೊಡ್ತದೇನ್ರೀ? ಸರೀರಿ ಅತ್ಲಾಗ." ಸೋಫಾದಲ್ಲಿ ಕೂತು ನಾಯಿಯ ಪರವಾಗಿ ವಕಾಲತ್ತು ವಹಿಸಿದಳು: "ಏ ಕೈಯಪ್ಪಾ, ಬರಿಯೂದು ಬರದಿ, ಈಜ್ಲಿಕ್ಕೆ ಬರೋ ಹಂಗ ಬರೀಬಾರದಿತ್ತೇನೊ? ಈಗ ಏಣಿ ಬರಿ. ಯಲ್ಲಾ, ಯಲ್ಲಾ, ಲಗೂ ಮಾಡು, ನೀರು ತಣ್ಣಗದ."

ಕೈ ವಿಧೇಯವಾಗಿ ಬಂದು ಏಣಿ ಬರೆಯಿತು. ಮಗಳು ನಗುತ್ತ ಅಮ್ಮನ ಮಗ್ಗುಲಲ್ಲೇ ಕುಸಿದಳು.

ಆ ಏಣಿಗೆ ಹಿಡಿಕೆ ಇರಲಿಲ್ಲ. ಶುಐಬಾದಲ್ಲಿ ಇಂಥ ಏಣಿಯನ್ನು ಯಾರೂ ಹತ್ತಗೊಡುವುದಿಲ್ಲ ಎಂದು ತಿಳಿಸಲು, ವೃತ್ತಿಧರ್ಮಕ್ಕೆ ಕಟ್ಟುಬಿದ್ದು, ಬಾಯಿ ತೆರೆದೆ.

ಮಗಳು ಪರದೆಯಿಂದ ಕಣ್ಣು ತೆಗೆಯದೆ ಹೇಳಿದಳು: "ಅಪ್ಪಾ, ಸುಮ್ನಿರ್ರಿ ಸ್ವಲ್ಪ, ನಾಯಿ ಮಾತಾಡ್ಲಿಕತ್ತದ."

ಪೂರ್ತಿ ವಾಕ್ಯ. ಅಚ್ಚ ಕನ್ನಡ. ಮೈಸೂರಿನದಲ್ಲ, ನಿಜ, ತಿದ್ದೋಣವೆಂದು ನಾಲಿಗೆಯ ತುದಿಗೂ ಬಂತು. ಆದರೆ ಮಗಳು ಮೊದಲ ಬಾರಿಗೆ ಕನ್ನಡದಲ್ಲಿ ಹೇಳಿದ ಮಾತನ್ನು ತಂದೆಯಾದವನು ನಡೆಸಿಕೊಡದಿದ್ದರೆ ಹೇಗೆ? ಅಂದಿನಿಂದ ಶುಕ್ರವಾರಗಳಂದು ನಮ್ಮ ಮನೆಯಲ್ಲಿ ನಾಯಿ ಮಾತಾಡುತ್ತದೆ. ಮೂಕಪಾತ್ರ ನನ್ನದು.