ಹದ್ದಿನ ಮುದ್ರೆ

ತಾರಸಿಯಲ್ಲಿ ಕಟ್ಟಿದ್ದ ಹಬ್ಬದ ಕುರಿ ಶಾಬಾನ್ ಅಜ್ಜನ ಗುರುತಿನ ಚೀಟಿ ತಿಂದುಹಾಕಿದ್ದು ಸರಿಯಾಗಿ ಮೊಮ್ಮಗಳು ನಜ್ಲಾಳ ನಿಕಾಹ್ ದಿನ ಬೆಳಿಗ್ಗೆಯೇ. ತಂದೆಯಿಲ್ಲದ ಹುಡುಗಿ. ಅವಳ ಪರವಾಗಿ ವರನ ಕೈ ಹಿಡಿದು ಒಪ್ಪಿಗೆ ಕೊಡಬೇಕಾದವನು ಅಜ್ಜನೇ. ಚೀಟಿಯಿಲ್ಲದವನನ್ನು ಖಾಜಿ ಕೂರಿಸುವುದಿಲ್ಲ.

“ಇಂಥವರೇ ಅಂತ ಇಬ್ಬರು ಸರ್ಕಾರಿ ನೌಕರರ ಸಹಿ, ಅದರ ಮೇಲೊಂದು ಸರ್ಕಾರದ ಹದ್ದಿನ ಮುದ್ರೆ ಹಾಕಿಸ್ಕೊಂಡ್ ಬನ್ನಿ, ಸಾಕಂತೆ,” ಎಂದು ಹೆಂಡತಿ ಅಟ್ಟಿದಳು.

ಕೈರೋದ ಆ ಸರ್ಕಾರಿ ಕಚೇರಿಯಲ್ಲಿ ಮುದ್ರೆ ಇರುವುದು ಇನ್ಶಿರಾಹ್ ಮೇಡಂ ಒಬ್ಬರ ಬಳಿ. ಅವರು ಚಹಾ ಮುಗಿಸಿ ತಲೆಯೆತ್ತುವಷ್ಟರಲ್ಲಿ, ಕಿಟಕಿಯ ಮುಂದೆ ಸಾಲಲ್ಲಿ ನಿಂತ ಅಜ್ಜನ ಕಾಲು ಜೋಮು ಹಿಡಿದಿತ್ತು.

“ನಿಮ್ಮನ್ನ ಬಲ್ಲ ನೌಕರರು ಯಾರಿದ್ದಾರೆ?”

“ಆಯುಷ್ಯವಿಡೀ ಟ್ರಾಮಲ್ಲಿ ಟಿಕೆಟ್ ಹರಿದೆ ತಾಯಿ. ಬಲ್ಲವರೆಲ್ಲ ಹೋಗ್ಬಿಟ್ರು.”

ಮೇಡಂ ಕನ್ನಡಕ ತೆಗೆದರು. “ಹುಡುಗೀರ ಶಾಲೆ ಬಂದಾಗ ಶಿಳ್ಳೆ ಹೊಡೀತಿದ್ದ ಕಂಡಕ್ಟರ್ ನೀವೇನಾ?”

“ನಿಮಗಲ್ಲಮ್ಮ, ಡ್ರೈವರ್‌ನ ಎಬ್ಬಿಸೋಕೆ.”

ಪಕ್ಕದ ಮೇಜಿನ ವಹೀದ್ ಎದ್ದು ಬಂದ. “ಕಾಕಾ, ನಾನು ಟಿಕೆಟ್ ಇಲ್ದೆ ಮೆಟ್ಟಿಲಲ್ಲಿ ಜೋತಾಡ್ತಿದ್ರೆ ನೀವು ಆ ಕಡೆ ಮುಖ ಮಾಡಿ ನಿಲ್ತಿದ್ರಿ.”

ಕುರ್ಚಿ ಬಂತು, ಪುದೀನಾ ಚಹಾ ಬಂತು, ಕಚೇರಿಯೇ ಬಂದು ಸುತ್ತ ನಿಂತಿತು. ಯಾರ ಪ್ರೀತಿ ಯಾವ ಸೀಟಿನಲ್ಲಿ ಹುಟ್ಟಿತು, ಪರೀಕ್ಷೆಯ ದಿನ ಯಾರಿಗಾಗಿ ಟ್ರಾಮ್ ಕಾದಿತ್ತು, ಅಜ್ಜನಿಗೆ ಎಲ್ಲ ನೆನಪಿತ್ತು. ಹಳಿ ಕಿತ್ತು ರಸ್ತೆ ಮಾಡಿದ ದಿನದ ಮಾತೂ ಬಂತು. ಟ್ರಾಮ್ ಹೋದ ಮೇಲೆ ಅವನನ್ನು ಯಾರೂ ಇಷ್ಟು ಹೊತ್ತು ಕೂರಿಸಿಕೊಂಡು ಮಾತಾಡಿಸಿರಲಿಲ್ಲ. ಹಿಂದಿನ ಸಾಲು ಗೊಣಗಿ ಗೊಣಗಿ ಸುಸ್ತಾಯಿತು.

ಇಬ್ಬರು ಸಾಕಿದ್ದ ಕಡೆ ಕಚೇರಿಗೆ ಕಚೇರಿಯೇ ಸಹಿ ಹಾಕಿತು. ಹದ್ದು ಧಡ್ ಎಂದು ಕಾಗದದ ಮೇಲೆ ಕೂತಿತು. ಹಿಂದೆಯೇ, ಹೊತ್ತು ಮುಗಿಯಿತೆಂದು ಕಿಟಕಿ ಮುಚ್ಚಿತು.

ಸಂಜೆ ಅಂಗಳದ ತುಂಬ ದೀಪ. ವರ ಬಂದ, ಶರಬತ್ತು ಬಂತು, ಖಾಜಿ ಮಾತ್ರ ಬರಲಿಲ್ಲ. ಕೊನೆಗೆ ಫೋನು ಬಂತು. ಎಲ್ಲರಿಗೂ ಕೇಳಲೆಂದು ಹೆಂಡತಿ ಸ್ಪೀಕರ್ ಹಾಕಿದಳು.

“ಇವತ್ತು ಆಗಲ್ಲಮ್ಮ. ನನ್ನ ಹೊಸ ನಿಕಾಹ್ ಪುಸ್ತಕಕ್ಕೆ ಹದ್ದಿನ ಮುದ್ರೆ ಬೀಳ್ಲಿಲ್ಲ. ಬೆಳಗ್ಗಿಂದ ಸಾಲಲ್ಲಿ ನಿಂತಿದ್ದೆ. ಯಾವನೋ ಮುದುಕ ಮುಂದೆ ಕೂತ್ಕೊಂಡು ಟ್ರಾಮ್ ಪುರಾಣ ಹೇಳಿ ಕಿಟಕಿ ಮುಚ್ಚಿಸ್ಬಿಟ್ಟ.”

ನಜ್ಲಾಳ ಕಣ್ಣು ತುಂಬಿತು. “ಯಾರಜ್ಜ ಅವನು?”

ಸಹಿಗಳಿಂದ ಕಪ್ಪಾಗಿದ್ದ ಕಾಗದವನ್ನು ಅಜ್ಜ ಮೆಲ್ಲಗೆ ಮಡಚಿ ಜೇಬಿನಾಳಕ್ಕೆ ತುರುಕಿದ.

“ಗುರುತು ಸಿಗೋದು ಕಷ್ಟ ಮಗಳೇ,” ಎಂದ.