ಕಡಲೆ ಕಂಟೇನರಿನಲ್ಲಿ ಸಿಕ್ಕಿಬಿದ್ದ ಹುಳು ಮಹಾಶಯರಿಗೆ

ಮಾನ್ಯರೇ,

ತಮ್ಮ ಆರು ಕಾಲುಗಳಿಗೂ ಒಂದೊಂದಾಗಿ ವಂದಿಸಿ, ಎರಡೂ ಮೀಸೆಗಳ ಕ್ಷೇಮ ವಿಚಾರಿಸಿ, ಕಡಲಾಚೆಯ ಬಂದರಿನ ಪರೀಕ್ಷಾ ಕಚೇರಿಯ ಗಾಜಿನ ಸೀಸೆಯಲ್ಲಿ ತಮಗೆ ಗಾಳಿ ಬೆಳಕು ತಕ್ಕಮಟ್ಟಿಗೆ ಒದಗುತ್ತಿದೆಯೆಂದು ನಂಬಿ, ಈಚೆ ದಡದ ಕಡಲೆ ಉಗ್ರಾಣದಲ್ಲಿ ಕಾಗದಪತ್ರ ಬರೆಯುವ ಗುಮಾಸ್ತನಾದ ನಾನು ನಾಲ್ಕು ಜನರೆದುರು ಮಾಡಿಕೊಳ್ಳುವ ಅರಿಕೆ ಏನೆಂದರೆ, ತಾವು ಒಬ್ಬರೇ ಒಬ್ಬರು ಎಳ್ಳಿನಷ್ಟು ದೇಹವನ್ನು ಇಟ್ಟುಕೊಂಡು ಇಪ್ಪತ್ತನಾಲ್ಕು ಟನ್ ಕಡಲೆಯನ್ನು 'ಬಂದ ದಾರಿಗೆ ಸುಂಕವಿಲ್ಲ' ಎಂದು ವಾಪಸು ಹಡಗು ಹತ್ತಿಸಿ ಕಳಿಸಿದ ಪರಾಕ್ರಮಕ್ಕೆ ನಮ್ಮ ಉಗ್ರಾಣ ಇನ್ನೂ ಬಾಯಿ ತೆರೆದುಕೊಂಡೇ ಇದೆ.

ತಮ್ಮ ಭಾವಚಿತ್ರ ತಲುಪಿತು. ಭೂತಗನ್ನಡಿಯಲ್ಲಿ ತೆಗೆದು, ಇಡೀ ಹಾಳೆ ತುಂಬುವಂತೆ ಹಿಗ್ಗಿಸಿ, ಮೂರು ಸೀಲು ಒತ್ತಿ, ಪರೀಕ್ಷಾ ವರದಿಯ ಜೊತೆ ಕಳಿಸಿದ್ದರಿಂದ ತಾವು ಎಳೆಗರುವಿನಷ್ಟು ಕಾಣುತ್ತಿದ್ದಿರಿ. ಮೂಟೆ ಹೊರುವ ಹಿರಿಯರೊಬ್ಬರು ಅದನ್ನು ತಿರುಗಿಸಿ ಮುರುಗಿಸಿ ನೋಡಿ, "ಇದು ಕಡಲೆ ತಿನ್ನೋ ಹುಳಾನೋ, ಕಡಲೆ ಜೊತೆ ನಮ್ಮನ್ನೂ ತಿನ್ನೋ ಹುಳಾನೋ?" ಎಂದು ಕೇಳಿದರು. ಆಗ ಎಲ್ಲರೂ ನಕ್ಕೆವು, ನಾನೂ ನಕ್ಕೆ.

ಆ ನಗು ಮರುದಿನ ಇರಲಿಲ್ಲ. ನಮ್ಮಲ್ಲಿ ಕಡಲೆ ಆರಿಸುವ ಮೇಜಿನ ಗಾಜಿನ ಕೆಳಗೆ ದೀಪವಿದೆ. ಎಂಟು ಜನ ಹೆಂಗಸರು ಸಾಲಾಗಿ ಕೂತು ಕಲ್ಲು, ಸಿಪ್ಪೆ, ತೂತಿನ ಕಾಳುಗಳನ್ನು ಬೇರೆ ಮಾಡುತ್ತಾರೆ, ಸಾಲಿನ ಕೊನೆಯ ಕುರ್ಚಿಯಲ್ಲಿ ನನ್ನ ಅತ್ತಿಗೆ ಇಪ್ಪತ್ತೆರಡು ವರ್ಷದಿಂದ ಕೂರುತ್ತಿದ್ದರು, ಅವರ ಕಣ್ಣು ದಾಟಿದ ಕಾಳನ್ನು ಮತ್ತೆ ಯಾರೂ ನೋಡುವ ಪದ್ಧತಿಯೇ ಇಲ್ಲ. ಮನೆಯಲ್ಲಿ ಅನ್ನ ಬಡಿಸುವಾಗಲೂ ಅವರ ಹೆಬ್ಬೆರಳು ತಟ್ಟೆಯ ಅಂಚಿನಲ್ಲಿ ತಾನೇ ತಾನಾಗಿ ಕಲ್ಲು ಹುಡುಕುತ್ತಿರುತ್ತದೆ. ಇಂಥವರು ಹುಳುವನ್ನು ಕಾಣದೆ ಬಿಟ್ಟರೆಂದು ಯಜಮಾನರು ತೀರ್ಮಾನಿಸಿ, ಕಂಟೇನರು ವಾಪಸು ಬಂದು ಅದನ್ನು ಗುಡಿಸಿ ಮುಗಿಸುವವರೆಗೆ ಮಾತ್ರ ಅವರಿಗೆ ಕೆಲಸ ಎಂದರು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ. 'ದೃಷ್ಟಿದೋಷದ ಕಾರಣ' ಕೆಲಸದಿಂದ ತೆಗೆಯಲಾಗಿದೆ ಎಂಬ ಆ ಪತ್ರವನ್ನು ಟೈಪ್ ಮಾಡಿದವನು ನಾನೇ, ಅದೇ ರಾತ್ರಿ ಅವರು ಬಡಿಸಿದ ಊಟ ಉಂಡವನೂ ನಾನೇ, ನನಗೆ ನಾಚಿಕೆಯಾಗಿದೆ.

ಇನ್ನು ತಮ್ಮ ಸಮಯಪ್ರಜ್ಞೆಯನ್ನು ಹೊಗಳದಿದ್ದರೆ ಪಾಪ ಬಂದೀತು. ಎರಡು ವರ್ಷದ ಹಿಂದೆ ಆ ದೇಶದಲ್ಲಿ ಕಡಲೆ ಬೆಳೆ ಕೈಕೊಟ್ಟಾಗ ನಮ್ಮ ಹನ್ನೊಂದು ಕಂಟೇನರುಗಳು ಬಾಗಿಲು ಕೂಡ ತೆರೆಸಿಕೊಳ್ಳದೆ ನೇರ ಊಟದ ಮೇಜಿಗೆ ಹೋದವು, ಆಗ ತಾವು ಎಲ್ಲಿದ್ದಿರೋ ಯಾರಿಗೂ ಬೇಕಾಗಿರಲಿಲ್ಲ. ಈ ವರ್ಷ ಅಲ್ಲಿ ಬೆಳೆ ಹುಲುಸಾಗಿ ಬಂತು, ಅಲ್ಲಿನ ಬೆಳೆಗಾರರು 'ಹೊರಗಿನ ಕಡಲೆ ಬೇಡ' ಎಂದು ಬಂದರಿನ ರಸ್ತೆಗೆ ಟ್ರ್ಯಾಕ್ಟರುಗಳನ್ನು ಅಡ್ಡ ನಿಲ್ಲಿಸಿದರು, ಮಂತ್ರಿಗಳು 'ಮುಕ್ತ ವ್ಯಾಪಾರಕ್ಕೆ ನಾವು ಬದ್ಧರು, ಆದರೆ ಹುಳುವಿಗೆ ಅಲ್ಲ' ಎಂದು ಭಾಷಣ ಮಾಡಿದರು, ಅದಾಗಿ ಎರಡೇ ದಿನಕ್ಕೆ ತಾವು ಕರೆದ ಹಾಗೆ ಪ್ರತ್ಯಕ್ಷರಾದಿರಿ. ಬೆಳೆಗಾರರ ಮೇಲೆ ನನಗೆ ಸಿಟ್ಟಿಲ್ಲ, ಅವರ ಮನೆಯಲ್ಲೂ ಒಬ್ಬ ಅತ್ತಿಗೆ ಇರಬಹುದು. ಸುಂಕ ಏರಿಸಿದ್ದರೆ ನಮ್ಮ ಸರ್ಕಾರ ಜಗಳಕ್ಕೆ ಹೋಗುತ್ತಿತ್ತು, ಹುಳುವಿನ ಜೊತೆ ಜಗಳ ಆಡುವುದಾದರೂ ಯಾವ ಬಾಯಲ್ಲಿ?

ಕಂಟೇನರು ವಾಪಸು ಬಂದ ದಿನ ಅತ್ತಿಗೆ ಟಾರ್ಚು ಕೇಳಿ ತೆಗೆದುಕೊಂಡು, ಮೂಟೆ ಇಳಿಸಿ ಖಾಲಿಯಾದ ಕಂಟೇನರಿನೊಳಗೆ ಹೋದರು. ಒಂದು ಗಂಟೆ ಮಂಡಿಯೂರಿ, ಕೂದಲಿನ ಪಿನ್ನಿನಿಂದ ನೆಲದ ಹಲಗೆಗಳ ಸಂದು ಕೆದಕಿ, ತಮ್ಮ ಪೂರ್ವಜರು ಕಳಚಿಟ್ಟ ಹತ್ತಾರು ಪೊರೆಗಳನ್ನೂ ಒಳಗೆಲ್ಲ ಟೊಳ್ಳಾದ ಹದಿನಾಲ್ಕು ಕಾಳುಗಳನ್ನೂ ಅಂಗೈಯಲ್ಲಿ ಹಿಡಿದು ಹೊರಬಂದರು. "ನೋಡು, ಇದು ಕಡಲೆ ಅಲ್ಲ. ಗೋಧಿ," ಎಂದರು. ನಮ್ಮ ಉಗ್ರಾಣದಲ್ಲಿ ಗೋಧಿ ಇಲ್ಲ. ಕಂಟೇನರಿನ ಬಾಗಿಲ ಒಳಬದಿಯಲ್ಲಿ ಅರ್ಧ ಹರಿದ ಹಳೆಯ ಚೀಟಿಯೊಂದಿತ್ತು: ನಮ್ಮ ಕಡಲೆ ತುಂಬುವ ಮುಂಚೆ ಅದೇ ಕಂಟೇನರು ಅದೇ ದೇಶದಿಂದ ನಮ್ಮ ಬಂದರಿಗೆ ಗೋಧಿ ತಂದಿತ್ತು. ಅಂದರೆ ತಾವು ಅಲ್ಲಿಯವರೇ, ಇಲ್ಲಿಗೆ ಬಂದು ಹಲಗೆ ಸಂದಿನಲ್ಲಿ ವಿಶ್ರಾಂತಿ ಪಡೆದು ಊರಿಗೆ ಮರಳಿದ್ದೀರಿ, ತವರಿಗೆ ಹೋದ ಹೆಣ್ಣುಮಗಳನ್ನು ಹೊಸಿಲಲ್ಲೇ ನಿಲ್ಲಿಸಿ 'ಯಾರ ಮನೆಯವಳು ನೀನು?' ಎಂದ ಹಾಗೆ ಅವರು ತಮ್ಮನ್ನು ಹಿಡಿದಿದ್ದಾರೆ.

ಯಜಮಾನರಿಗೆ ಕಾಳು ತೋರಿಸಿದೆವು. ಅವರು ಒಳ್ಳೆಯವರು, ಅಂಜುಬುರುಕರು. "ಗೋಧಿ ವಿಷಯ ಈಗ ಎತ್ತಬೇಡಿ, ಅವರ ಹತ್ರ ದೊಡ್ಡ ಮಾತುಕತೆ ನಡೀತಿದೆ," ಎಂದು ಬಾಗಿಲು ಮುಂದೆ ಮಾಡಿಕೊಂಡರು.

ಆದ್ದರಿಂದ ತಮ್ಮಲ್ಲಿ ಕೆಲವು ವಿನಂತಿ. ದಯವಿಟ್ಟು ಸೀಸೆಯ ಬಿರಡೆಯನ್ನು ಒಳಗಿನಿಂದ ತಟ್ಟಿ, ಪರೀಕ್ಷಕರು ಕಾಫಿ ಕುಡಿದು ಬಂದ ಪ್ರಸನ್ನ ಹೊತ್ತು ನೋಡಿ, ತಮ್ಮ ಹುಟ್ಟೂರು ಯಾವುದೆಂದು ಪ್ರಮಾಣ ಮಾಡಿ ಹೇಳಿ, ಎಡಗಡೆಯ ಮುಂಗಾಲಿನ ಹೆಬ್ಬೆಟ್ಟು ಒತ್ತಿಕೊಡಬೇಕು. ಮುಂದೆ ಪ್ರಯಾಣ ಮಾಡುವಾಗ ಬೆನ್ನ ಮೇಲೆ ತಮ್ಮ ದೇಶದ ಬಾವುಟ ಅಂಟಿಸಿಕೊಳ್ಳಬೇಕು. ತಮ್ಮ ಮರಿಗಳು ಅನ್ನವಿಲ್ಲದೆ ವರ್ಷಗಟ್ಟಲೆ ಬದುಕಬಲ್ಲವೆಂದು ಅದೇ ವರದಿಯಲ್ಲಿ ಓದಿದೆ, ಆ ವಿದ್ಯೆಯನ್ನು ಆರಿಸುವ ಮೇಜಿನ ಎಂಟು ಹೆಂಗಸರಿಗೆ ಹೇಳಿಕೊಟ್ಟರೆ ಎರಡೂ ದೇಶದ ಕೃಷಿ ನೀತಿಗಳು ಯಾರ ತಂಟೆಯೂ ಇಲ್ಲದೆ ಸುಖವಾಗಿ ಮುಂದುವರಿಯಬಹುದು.

ತಮ್ಮ ಮೀಸೆ ಸದಾ ನೆಟ್ಟಗಿರಲೆಂದು ಹಾರೈಸುವ,

ತಮ್ಮ ವಿಶ್ವಾಸಿ,
ಆ ಪತ್ರ ಟೈಪ್ ಮಾಡಿದ ಗುಮಾಸ್ತ

ತಾ.ಕ.: ಪತ್ರ ಮಡಿಸುವಷ್ಟರಲ್ಲಿ ಸುದ್ದಿ ಬಂತು. ದೊಡ್ಡ ಮಾತುಕತೆ ಫಲಿಸಿ ಅವರ ಗೋಧಿ ಸೋಮವಾರ ನಮ್ಮ ಉಗ್ರಾಣಕ್ಕೇ ಬರುತ್ತಿದೆ, ಸುಂಕವಿಲ್ಲದೆ. ಯಜಮಾನರು ಅತ್ತಿಗೆಯನ್ನು ಕರೆಸಿ, "ನಿಮ್ಮ ಕುರ್ಚಿ ನಿಮಗೇ. ಆದ್ರೆ ಒಂದ್ ಮಾತು, ಗೋಧಿಯಲ್ಲಿ ಏನಾದ್ರೂ ಹರಿದಾಡಿದ್ರೆ ನೀವು ನೋಡಿಲ್ಲ, ಆಯ್ತಾ?" ಎಂದರು. ಹುಳು ಕಾಣಲಿಲ್ಲವೆಂದು ಹೋದ ಕೆಲಸ ಹುಳು ಕಾಣಬಾರದೆಂಬ ಷರತ್ತಿನ ಮೇಲೆ ವಾಪಸು ಬಂದಿದೆ. ಅತ್ತಿಗೆ "ಆಗ್ಲಿ" ಎಂದು ಮನೆಗೆ ಬಂದು, ಉಪ್ಪಿನಕಾಯಿಯ ಖಾಲಿ ಸೀಸೆಯೊಂದನ್ನು ತೊಳೆದು ಒರೆಸಿ ಕೈಚೀಲಕ್ಕೆ ಹಾಕಿಕೊಂಡಿದ್ದಾರೆ. ಭೂತಗನ್ನಡಿ ನಾನು ತಂದಿದ್ದೇನೆ, ಸೀಲುಗಳು ಹೇಗೂ ನನ್ನ ಮೇಜಿನಲ್ಲೇ ಇವೆ. ಆದ್ದರಿಂದ ತಮ್ಮ ಬಂಧುಗಳು ಸಕುಟುಂಬ ಸಪರಿವಾರ ಸಮೇತರಾಗಿ ಮೊದಲ ಮೂಟೆಯಲ್ಲೇ ಆಗಮಿಸಬೇಕೆಂದು ಕೋರುತ್ತೇವೆ. ಫೋಟೊ ಚೆನ್ನಾಗಿ ತೆಗೆಯುತ್ತೇವೆ.